ಕುರಿಯ ಹೊಟ್ಟೆಯೊಳಗಿನ ಎಲೆ

"ದೊಡ್ಡ ಚಾಕು ಬ್ಯಾಡ್ರಿ. ಸಣ್ಣದು ಕೊಡ್ರಿ."

ರೋಣದ ದನದ ದವಾಖಾನೆಯ ಡಾಕ್ಟರ ಕುತುಬುದ್ದೀನ ಅಂಗಿಯ ತೋಳನ್ನು ಮೊಣಕೈ ಮೇಲಕ್ಕೆ ಸುತ್ತಿಕೊಂಡು, ಸತ್ತ ಕುರಿಯ ಪಕ್ಕದಲ್ಲಿ ಮಂಡಿಯೂರಿದ್ದ. ಏಪ್ರಿಲ್ ಬಿಸಿಲು ಹತ್ತು ಗಂಟೆಗೇ ನೆತ್ತಿ ಸುಡುತ್ತಿತ್ತು. ಅವನ ಬೆನ್ನ ಹಿಂದೆ, ಲಕ್ಕಲಕಟ್ಟಿ ಕೆರೆಯ ಏರಿಯ ಮೇಲೆ ಅರ್ಧ ಊರು ನೆರೆದಿತ್ತು. ಹೆಂಗಸರ ಸೊಂಟದಲ್ಲಿ ಖಾಲಿ ಕೊಡಗಳಿದ್ದವು. ಆದರೆ ಯಾರೊಬ್ಬರೂ ನೀರಿಗೆ ಇಳಿದಿರಲಿಲ್ಲ.

ಪೊಲೀಸ್ ಫೌಜದಾರ ಶಿವನಪ್ಪ ಚಾಕು ಕೊಟ್ಟು ಮೂಗಿಗೆ ಕರವಸ್ತ್ರ ಹಿಡಿದ.

"ಡಾಕ್ಟರ, ನನಗ ಬೇಕಾಗಿದ್ದು ಒಂದ ಕಾಗದ. ವಿಷದಿಂದ ಸತ್ತಾವ ಅಂತ ಬರದು ಸಹಿ ಮಾಡ್ರಿ. ಉಳಿದದ್ದು ನಾ ನೋಡ್ಕೋತೀನಿ."

"ಯಾವ ವಿಷ ಅಂತ ಬರೀಲ್ರಿ?"

"ಪಾಷಾಣ. ಡಬ್ಬಿ ಸಿಕ್ಕೈತಲ್ಲ!"

ನಿನ್ನೆ ಮುಂಜಾನೆಯಿಂದ ಕುರಿಗಾರ ಅಮೋಘಸಿದ್ದನ ಇಪ್ಪತ್ತೆರಡು ಕುರಿ ಸತ್ತಿದ್ದವು. ಅವನ ಹೆಂಡತಿ ಮಾಯವ್ವ ಗಜೇಂದ್ರಗಡದ ದವಾಖಾನೆಯಲ್ಲಿ ಮಾತಿಲ್ಲದೆ ಮಲಗಿದ್ದಳು. ಊರಿನ ದೊಡ್ಡ ಹೊಲದವನಾದ ಕಳಕಪ್ಪ ಗೌಡ ಚಾವಡಿಯಲ್ಲಿ ಪೊಲೀಸರ ಕಾವಲಿನಲ್ಲಿದ್ದ.

ಕಳಕಪ್ಪನ ಮೇಲೆ ಸಂಶಯ ಬರಲು ದೂರ ಹೋಗಬೇಕಾಗಿರಲಿಲ್ಲ. ನಾಲ್ಕು ದಿನದ ಹಿಂದೆ ಕುರಿಗಳು ಅವನ ಕಣಕಿ ಬಣವಿಗೆ ನುಗ್ಗಿ ಎತ್ತುಗಳ ಮೇವು ತಿಂದಿದ್ದವು. ಅಂದು ಅವನು ಹನುಮಂತದೇವರ ಕಟ್ಟೆಯ ಮುಂದೆ ನಿಂತು, "ಇನ್ನೊಮ್ಮೆ ನನ್ನ ಹೊಲದಾಗ ಕಾಲಿಟ್ಟರ ನಿನ್ನ ಕುರಿ ಒಂದೂ ಉಳಿಯಂಗಿಲ್ಲ" ಎಂದು ಕೂಗಿದ್ದನ್ನು ಊರೇ ಕೇಳಿತ್ತು. ಅವನ ಮನೆಯ ಗೋಡೆಯ ಮಾಡದಲ್ಲಿ ಇಲಿ ಪಾಷಾಣದ ಡಬ್ಬಿ ಸಿಕ್ಕಿತ್ತು. ಡಬ್ಬಿ ಅರ್ಧ ಖಾಲಿಯಾಗಿತ್ತು. ಕೆರೆಗೇ ವಿಷ ಹಾಕಿದ್ದಾನೆಂಬ ಸುದ್ದಿ ಹಬ್ಬಲು ಇಷ್ಟು ಸಾಕಾಗಿತ್ತು. ನಿನ್ನೆಯಿಂದ ಹೆಂಗಸರು ಎರಡು ಮೈಲಿ ದೂರದ ಬಾವಿಯಿಂದ ನೀರು ಹೊರುತ್ತಿದ್ದರು. ಆ ಬಾವಿಯಲ್ಲೂ ಕೆಸರು ಕಾಣಿಸುತ್ತಿತ್ತು.

"ಫೌಜದಾರ ಸಾಹೇಬ್ರ," ಕುತುಬುದ್ದೀನ ತಲೆ ಎತ್ತದೆ ಹೇಳಿದ, "ಹನ್ನೆರಡು ವರ್ಷದ ಹಿಂದ ನರಗುಂದದಾಗ ನಾ ಇಂಥಾದ್ದೊಂದು ಕಾಗದಕ್ಕ ಸಹಿ ಹಾಕೇನ್ರಿ. ಆರು ಆಕಳ ಸತ್ತಿದ್ವು. ವಿಷ ಅಂತ ಬರದೆ. ದನ ಕಾಯೋ ಮುದುಕನ್ನ ಎಂಟು ತಿಂಗಳ ಒಳಗ ಹಾಕಿದ್ರು. ಮುಂದಿನ ವರ್ಷ ಅದ ಹೊಲದಾಗ, ಕೊಯ್ದ ಜೋಳದ ಬುಡದಿಂದ ಚಿಗತ ಹಸರ ಎಲಿ ತಿಂದು ಮತ್ತೊಂದು ಆಕಳ ನನ್ನ ಕಣ್ಣೆದುರ ಬಿತ್ತು. ಮುದುಕ ಏನೂ ಮಾಡಿರಲಿಲ್ರಿ."

"ಆಮ್ಯಾಲೆ?"

"ಅಂವಾ ಹೊರಗ ಬಂದ. ಆದರ ನನ್ನ ಕೂಡ ಮಾತಾಡಲಿಲ್ಲ."

ಶಿವನಪ್ಪ ಕರವಸ್ತ್ರ ಮಡಿಸಿ ಜೇಬಿಗಿಟ್ಟ. ಅವನು ಇಲ್ಲಿಗೆ ವರ್ಗವಾಗಿ ಬಂದು ಎರಡೇ ತಿಂಗಳಾಗಿತ್ತು.

ಕುರಿಯ ಹೊಟ್ಟೆ ತೆರೆಯಿತು. ಕುತುಬುದ್ದೀನ ಮೊದಲು ಒಳಮೈಯನ್ನು ನೀರಿನಿಂದ ತೊಳೆದು ನೋಡಿದ. ಪಾಷಾಣ ನುಂಗಿದ ಪ್ರಾಣಿಯ ಹೊಟ್ಟೆ ಒಳಗೆಲ್ಲ ಸುಟ್ಟಂತೆ ಕೆಂಪಾಗಿ ಊದಿರುತ್ತದೆ. ಇಲ್ಲಿ ಹಾಗಿರಲಿಲ್ಲ. ಆಮೇಲೆ ಅವನು ಅರೆ ಜಗಿದ ಮೇವನ್ನು ಬೊಗಸೆಯಲ್ಲಿ ಎತ್ತಿ, ತಟ್ಟೆಗೆ ಹಾಕಿ, ಬೆರಳಿನಿಂದ ನಿಧಾನವಾಗಿ ಬಿಡಿಸತೊಡಗಿದ. ಒಣ ಹುಲ್ಲು. ಜಾಲಿಕಾಯಿಯ ಸಿಪ್ಪೆ. ಹತ್ತಿ ಗಿಡದ ಕಡ್ಡಿ.

ಬೆರಳು ನಿಂತಿತು.

ಒಂದು ಎಲೆಯ ತುಂಡು. ಕಿರುಬೆರಳಿನಷ್ಟು ಉದ್ದ, ಚರ್ಮದಂತೆ ದಪ್ಪ. ಅದನ್ನು ತೊಳೆದು ಬಿಸಿಲಿಗೆ ಹಿಡಿದ. ನಡುವೆ ಬಿಳಿಯ ನರ, ಅದರಿಂದ ಎರಡೂ ಕಡೆಗೆ ಬಾಚಣಿಕೆಯ ಹಲ್ಲಿನ ಹಾಗೆ ಒತ್ತೊತ್ತಾಗಿ ಹೊರಟ ಸಣ್ಣ ಗೆರೆಗಳು. ಇನ್ನೊಂದು ತುಂಡು ಸಿಕ್ಕಿತು. ಮತ್ತೆ ನಾಲ್ಕು.

ಅವನು ಎರಡನೆಯ ಕುರಿಯನ್ನು ತೆರೆದ. ಅದರಲ್ಲೂ ಅದೇ ಎಲೆ. ಮೂರನೆಯದರಲ್ಲಿ ಮುಷ್ಟಿ ತುಂಬ ಸಿಕ್ಕಿತು.

"ಅಮೋಘಸಿದ್ದಾ," ಅವನು ಕರೆದ, "ನಿನ್ನ ಮರಿ ಎಷ್ಟ ಸತ್ತಾವ?"

ಅಮೋಘಸಿದ್ದ ಉಳಿದ ಕುರಿಗಳ ನಡುವೆ ಕಂಬಳಿ ಹೊದ್ದು ಕೂತಿದ್ದ. ಮೂವತ್ತೈದರ ಗಟ್ಟಿ ಆಳು; ಒಂದೇ ದಿನದಲ್ಲಿ ಮುಖ ಇಳಿದುಹೋಗಿತ್ತು. ಮಡಿಲಲ್ಲಿ ಕೊಡಲಿ ಇತ್ತು.

"ಮರಿ ಒಂದೂ ಸತ್ತಿಲ್ರಿ."

"ಅವು ಕೆರಿ ನೀರ ಕುಡದಾವೇನು?"

"ಎಲ್ಲಾವೂ ಕುಡದಾವ್ರಿ. ಮೊನ್ನಿ ಸಂಜಿ ದೊಡ್ಡವ್ರ ಜೋಡಿನ ಇಳದಾವ."

"ಹಾಲ ಬಿಟ್ಟು ಮೇವು ತಿಂತಾವೇನು?"

"ಇಲ್ರಿ. ಇನ್ನೂ ಮೇವಿಗೆ ಬಾಯಿ ಹಾಕಿಲ್ಲ."

ಕುತುಬುದ್ದೀನ ಎದ್ದು ನಿಂತ. ಅವನ ಮುಖದಲ್ಲಿ ಸಣ್ಣದೊಂದು ಬದಲಾವಣೆಯಾಯಿತು. ಅದನ್ನು ಶಿವನಪ್ಪ ಗಮನಿಸಿದ.

ಆಗಲೇ ಏರಿಯ ಮೇಲಿನ ಜನ ಬದಿಗೆ ಸರಿದರು. ಇಬ್ಬರು ಪೊಲೀಸರು ಪಂಚನಾಮೆಗೆಂದು ಕಳಕಪ್ಪನನ್ನು ಕರೆತರುತ್ತಿದ್ದರು. ಐವತ್ತು ದಾಟಿದ ಭಾರಿ ದೇಹ, ತಲೆಗೆ ಮಾಸಿದ ಪಟಗ, ಕಾಲಲ್ಲಿ ಚಪ್ಪಲಿ ಇರಲಿಲ್ಲ.

ಅಮೋಘಸಿದ್ದ ಎದ್ದ. ಕಂಬಳಿ ಜಾರಿ ಬಿತ್ತು. ಯಾರಾದರೂ ಹಿಡಿಯುವ ಮೊದಲೇ ಅವನು ಕೊಡಲಿ ಎತ್ತಿಕೊಂಡು ಏರಿಯ ಅರ್ಧ ಹತ್ತಿ ಆಗಿತ್ತು.

"ಮೂಕ ಪ್ರಾಣಿ ಏನ ಮಾಡಿದ್ದುವೋ ನಿನಗ? ನನ್ನ ಹೇಣ್ತಿ ಏನ ಮಾಡಿದ್ಲು?"

"ನಾ ಹಾಕಿಲ್ಲ," ಕಳಕಪ್ಪ ಹಿಂದೆ ಸರಿದ. "ಸಿಟ್ಟಿನಾಗ ಬಾಯಿ ಬಿಟ್ಟೆ, ಅಷ್ಟ. ಆ ಪಾಷಾಣ ಕಾಳ ತುಂಬಿದ ಹಗೇವಿನ ಇಲಿಗೆ ತಂದಿದ್ದು."

"ಕೊಡ್ಲಿ ಕೆಳಗ ಇಡು!" ಶಿವನಪ್ಪ ಕೂಗಿದ.

ಅಮೋಘಸಿದ್ದ ಇಡಲಿಲ್ಲ. ಕುತುಬುದ್ದೀನ ಓಡಲಿಲ್ಲ, ಕೂಗಲೂ ಇಲ್ಲ. ಇಬ್ಬರ ನಡುವೆ ಬಂದು ನಿಂತು, ಅಂಗೈ ಬಿಚ್ಚಿ ಆ ಎಲೆಯನ್ನು ಕುರಿಗಾರನ ಮೂಗಿನ ಕೆಳಗೆ ಹಿಡಿದ.

"ಇದು ಯಾವ ಎಲಿ ಹೇಳು. ನೀನು ಹುಟ್ಟಿದಾಗಿಂದ ಕುರಿ ಕಾಯಾಂವ. ಹೇಳು."

ಅಮೋಘಸಿದ್ದ ಎಲೆಯನ್ನು ನೋಡಿದ. ಅವನ ಕೈಯ ಬಿಗಿ ಸ್ವಲ್ಪ ಸಡಿಲವಾಯಿತು.

"ಕಣಗಲ ಎಲಿ."

"ಕುರಿ ಇದನ್ನ ತಿಂತಾವೇನು?"

"ಎಲ್ಲೀದ್ರಿ! ಮೂಸೂದೂ ಇಲ್ಲ. ಭಾಳ ಕಹಿ. ಗುಡ್ಡದ ಹಳ್ಳದಾಗ ಬೇಕಾದಷ್ಟ ಐತಿ, ಒಂದೂ ಬಾಯಿ ಹಾಕೂದಿಲ್ಲ."

"ಹಸೇದಿದ್ದಾಗ ತಿನ್ನೂದಿಲ್ಲ. ಕಡದು ನಾಕು ದಿನ ಬಿಸಲಿಗೆ ಬಾಡಿದ್ರ ಕಹಿ ಕಡಿಮಿ ಆಗತೈತಿ. ವಿಷ ಮಾತ್ರ ಹಂಗ ಉಳೀತೈತಿ. ಅದಕ್ಕೂ ಮಿಗಿಲಾಗಿ, ಇಂಥಾ ಬ್ಯಾಸಿಗ್ಯಾಗ ಹಸದ ಕುರಿ ಎಲಿ ಅಂದ್ರ ಸಾಕು, ಬಾಯಿ ಹಾಕತೈತಿ. ಮೊನ್ನಿ ಸಂಜಿ ನೀರ ಕುಡಿಸಿ ಯಾವ ದಾರಿಲೆ ಹಟ್ಟಿಗೆ ಹೊಡಕೊಂಡು ಹೋದಿ?"

"ಏರಿ ತುದಿ ಹಿಡದು, ಕಾಲಿವಿ ಮಗ್ಗಲದಿಂದ್ರಿ."

"ನಡಿ."

ಕೆರೆಗೆ ಗಜೇಂದ್ರಗಡದ ಗುಡ್ಡದಿಂದ ನೀರು ತರುವ ಕಾಲುವೆ ಏರಿಯ ತುದಿಯಲ್ಲಿ ಬಂದು ಸೇರುತ್ತಿತ್ತು. ಕಾಲುವೆ ಈಗ ಒಣಗಿತ್ತು, ಆದರೆ ಚೊಕ್ಕವಾಗಿತ್ತು. ಅದರಲ್ಲಿ ಬೆಳೆದ ಗಿಡಗಳನ್ನೆಲ್ಲ ಕಡಿದು ದಂಡೆಯ ಮೇಲೆ ಸೊಂಟದೆತ್ತರ ಒಟ್ಟಿದ್ದರು. ಬಾಡಿದ ಟೊಂಗೆಗಳ ನಡುವೆ ಕೆಂಪು ಹೂವು ಇನ್ನೂ ಅಂಟಿಕೊಂಡಿದ್ದವು. ರಾಶಿಯ ಒಂದು ಮಗ್ಗುಲು ಪೂರ್ತಿ ಬೋಳಾಗಿತ್ತು. ಕುರಿಯ ಬಾಯಿ ಎಟಕುವಷ್ಟು ಎತ್ತರದವರೆಗೆ ಒಂದು ಎಲೆಯೂ ಉಳಿದಿರಲಿಲ್ಲ. ಕೆಳಗೆ ಮಣ್ಣಿನಲ್ಲಿ ಗೊರಸಿನ ಗುರುತು ಒತ್ತಾಗಿತ್ತು.

ಎಲ್ಲರೂ ನೋಡಿದರು.

"ಇದನ್ನ ಕಡಿಸಿದವ್ರು ಯಾರು?" ಶಿವನಪ್ಪ ಕೇಳಿದ.

ಕಳಕಪ್ಪ ಒಂದು ಹೆಜ್ಜೆ ಮುಂದೆ ಬಂದ.

"ನಾನ್ರಿ. ಮಳಿಗಾಲಕ್ಕ ನೀರ ಸರಾಗ ಬರಲಿ ಅಂತ ಆಳ ಹಚ್ಚಿ ಕಡಿಸಿದೆ. ಊರಿಗೆ ಒಳ್ಳೇದಾಗಲಿ ಅಂತ ಮಾಡಿದ್ದು. ಸುಟ್ಟಬಿಡ್ರಿ ಅಂತ ಆಳಿಗೆ ಹೇಳಬೇಕಾಗಿತ್ತು. ಹೇಳಲಿಲ್ಲ."

"ಇದು ವಿಷ ಅಂತ ಗೊತ್ತಿತ್ತೇನು?"

"ಗೊತ್ತಿತ್ರಿ. ಎಲ್ಲಾರಿಗೂ ಗೊತ್ತೈತಿ. ಆದರ ಕುರಿ ತಿನ್ನೂದಿಲ್ಲ ಅಂತಲೂ ಎಲ್ಲಾರಿಗೂ ಗೊತ್ತೈತಿ. ನಾ ಆ ಕಡೆ ವಿಚಾರಾನ ಮಾಡಲಿಲ್ಲ." ಅವನು ಅಮೋಘಸಿದ್ದನ ಕಡೆ ತಿರುಗಿದ. "ಆದರ ನಿನ್ನ ಹಟ್ಟಿ ಕಡೆ ನಾಕು ದಿನದಿಂದ ನಾ ಕಾಲ ಇಟ್ಟಿಲ್ಲಪಾ. ಬೇಕಾದ್ರ ಆಣಿ ಮಾಡ್ತೀನಿ."

ಅಮೋಘಸಿದ್ದ ಕೊಡಲಿಯನ್ನು ನೆಲಕ್ಕೆ ಊರಿ ನಿಂತ. ಸಿಟ್ಟು ಎಲ್ಲಿಗೆ ಹೋಗಬೇಕೆಂದು ತಿಳಿಯದೆ ಅವನ ಮೈಯಲ್ಲೇ ಸುತ್ತುತ್ತಿದ್ದಂತೆ ಕಂಡಿತು.

ಕುತುಬುದ್ದೀನ ಏರಿ ಇಳಿದ. ಮೊಣಕಾಲುದ್ದ ನೀರಿಗೆ ಹೋಗಿ, ಕೈ ತೊಳೆದು, ಬೊಗಸೆ ತುಂಬಿ ಕುಡಿದ. ಮತ್ತೊಂದು ಬೊಗಸೆ ಕುಡಿದ. ಮೂರನೆಯದನ್ನು ಮುಖಕ್ಕೆ ಎರಚಿಕೊಂಡ.

"ಮರಿ ನೀರ ಕುಡದು ಬದುಕ್ಯಾವ. ಕಪ್ಪಿ ಬದುಕ್ಯಾವ, ಮೀನ ಬದುಕ್ಯಾವ. ನಾನೂ ಬದಕತೀನಿ. ತುಂಬಕೋರಿ ಅವ್ವಗೋಳ್ರಾ."

ರೇಣವ್ವನೆಂಬ ಮುದುಕಿ, ಎಲ್ಲರಿಗಿಂತ ಮುಂದೆ ನಿಂತಿದ್ದವಳು, ಸೀರೆ ಮೇಲೆ ಕಟ್ಟಿಕೊಂಡಳು.

"ಎರಡು ಮೈಲಿ ನಡದು ನನ್ನ ಮೊಣಕಾಲ ಹೋಗ್ಯಾವ. ಸತ್ತರ ಇಲ್ಲೇ ಸಾಯ್ತೀನಿ," ಎಂದು ಕೊಡವನ್ನು ಬುಡಬುಡನೆ ಮುಳುಗಿಸಿದಳು.

ಯಾರೋ ನಕ್ಕರು. ನಿನ್ನೆಯಿಂದ ಆ ಊರಲ್ಲಿ ಕೇಳಿದ ಮೊದಲ ನಗು ಅದು. ಹೆಂಗಸರು ಒಬ್ಬರನ್ನೊಬ್ಬರು ದಾಟಿಕೊಂಡು ನೀರಿಗಿಳಿದರು. ಗಂಡಸರು ಆ ರಾಶಿಗೆ ಬೆಂಕಿ ಹಚ್ಚಲು ಹೊರಟರು. ಕುತುಬುದ್ದೀನ ಬೇಡವೆಂದು ತಡೆದ.

"ಅದರ ಹೊಗಿನೂ ಚಲೋ ಅಲ್ಲ. ಊರಿಂದ ದೂರ ತಗ್ಗು ತೋಡಿ ಮುಚ್ರಿ. ಮುಟ್ಟಿದ ಕೈ ತೊಳಕೊಳ್ಳದ ರೊಟ್ಟಿ ಮುಟ್ಟಬ್ಯಾಡ್ರಿ."

ಆಮೇಲೆ ಅವನು ಉಳಿದ ಕುರಿಗಳ ಹತ್ತಿರ ಹೋದ. ಏಳು ಕುರಿ ತಲೆ ತೂಗಿಸುತ್ತ ನಿಂತಿದ್ದವು. ಒಂದರ ಪಕ್ಕೆಗೆ ಕಿವಿ ಹಚ್ಚಿದ. ಎದೆ ಎರಡು ಬಾರಿ ಬಡಿದು, ನಿಂತು, ಏನೋ ನೆನಪಾದಂತೆ ಮತ್ತೊಮ್ಮೆ ಬಡಿಯಿತು.

"ಇವನ್ನ ಓಡಿಸಬ್ಯಾಡ, ಬೆದರಿಸಬ್ಯಾಡ. ಓಡಿದ್ರ ಎದಿ ನಿಂತು ಬೀಳತಾವ. ಇಲ್ಲೇ ನೆರಳ ಮಾಡು. ಇದ್ದಲಿ ಅರದು ನೀರಾಗ ಕಲಸಿ ಬಿದಿರ ಗೊಟ್ಟದಾಗ ಕುಡಿಸು. ಸಂಜಿತನಾ ನಿಂತ್ರ ಉಳದಂಗ."

"ಡಾಕ್ಟರ," ಅಮೋಘಸಿದ್ದ ಹತ್ತಿರ ಬಂದ, "ಕುರಿ ಎಲಿ ತಿಂದ್ವು. ಖರೇ. ನನ್ನ ಮಾಯವ್ವ ಎಲಿ ತಿಂದಿಲ್ಲಲ್ಲರಿ?"

ಕುತುಬುದ್ದೀನನಿಗೆ ಈ ಪ್ರಶ್ನೆ ಬರುತ್ತದೆಂದು ಗೊತ್ತಿತ್ತು. ಮುಂಜಾನೆ ಗಜೇಂದ್ರಗಡದಲ್ಲಿ ಬಸ್ಸಿಳಿದವನು ನೇರ ದವಾಖಾನೆಗೆ ಹೋಗಿದ್ದ. ಅಲ್ಲಿಯ ಡಾಕ್ಟರರ ಅಪ್ಪಣೆ ಪಡೆದು ಮಾಯವ್ವನ ನಾಡಿ ಹಿಡಿದು ಎಣಿಸಿದ್ದ. ನಿಮಿಷಕ್ಕೆ ಮೂವತ್ತೆಂಟು. ಎರಡು ಬಡಿತ, ನಿಲುಗಡೆ, ಮತ್ತೊಂದು. ಈ ಕುರಿಯ ಎದೆಯ ಹಾಗೆಯೇ.

"ನಿನ್ನಿ ಮುಂಜಾನಿ ಆಕಿ ಏನ ಉಂಡಿದ್ಲು?"

"ಅಂಬಲಿ ಕುಡದಿದ್ಲ್ರಿ. ಜೋಳದ ಅಂಬಲಿ. ನಾ ಕುಡೀಲಿಲ್ಲ. ಕುರಿ ಬೀಳಾಕ ಹತ್ತಿದ್ವು, ಓಡಿ ಹೋದೆ."

"ಯಾತರ್ಲೆ ತಿರುವಿದ್ಲು?"

ಅಮೋಘಸಿದ್ದನಿಗೆ ಪ್ರಶ್ನೆ ಅರ್ಥವಾಗಲಿಲ್ಲ. ಆಮೇಲೆ ಅರ್ಥವಾಯಿತು. ಅವನು ಹಟ್ಟಿಯ ಕಡೆ ನಡೆದ; ನಡಿಗೆ ಓಟವಾಯಿತು. ಮರಳಿ ಬಂದಾಗ ಅವನ ಕೈಯಲ್ಲಿ ಮೊಳದುದ್ದದ ನೆಟ್ಟಗಿನ ಕೋಲು ಇತ್ತು. ಸಿಪ್ಪೆ ಸುಲಿದಿತ್ತು. ತುದಿಗೆ ಒಣಗಿದ ಅಂಬಲಿ ಹತ್ತಿತ್ತು.

"ಹಳೇ ಕಟಗಿ ಚಮಚಾ ಮುರದಿತ್ರಿ. ಮೊನ್ನಿ ಸಂಜಿ ಆ ರಾಶಿಯಾಗಿಂದ ನಾನ ತಂದಿದ್ದೆ. ಚಂದ ನೆಟ್ಟಗ ಐತಿ ಅಂತ..." ಅವನು ಕೋಲನ್ನು ನೋಡುತ್ತ ನಿಂತ. "ನಾನ ಸುಲದು ಕೊಟ್ಟೆ. ನನ್ನ ಕೈಯಾರೆ ಕೊಟ್ಟೆ."

ಅವನು ಅಲ್ಲಿಯೇ ಕೂತ. ಇಷ್ಟು ಹೊತ್ತು ಬೇರೊಬ್ಬನ ಮೇಲೆ ಎತ್ತಿದ್ದ ಕೊಡಲಿ ಅವನ ಪಕ್ಕದಲ್ಲಿ ಬಿದ್ದಿತ್ತು. ಕಳಕಪ್ಪ ಅದನ್ನು ಎತ್ತಿ ದೂರ ಇಟ್ಟು, ಏನು ಮಾಡಬೇಕೆಂದು ತೋಚದೆ ಅವನ ಹತ್ತಿರ ನಿಂತ.

"ಕುದಿಯೋ ಅಂಬಲ್ಯಾಗ ಆ ಕಟಗಿ ರಸ ಬಿಟ್ಟಿರತೈತಿ," ಕುತುಬುದ್ದೀನ ಮೆಲ್ಲಗೆ ಹೇಳಿದ. "ನಿನಗ ಗೊತ್ತಿದ್ದು ಎಲಿ. ಕಟಗ್ಯಾಗೂ ವಿಷ ಇರತೈತಿ ಅಂತ ಭಾಳ ಮಂದಿಗೆ ಗೊತ್ತಿಲ್ಲ. ನೀ ಬೇಕಂತ ಮಾಡಿಲ್ಲ."

"ಆಕಿ ಸತ್ತರ ಅದೆಲ್ಲಾ ಕೇಳಾವ್ರು ಯಾರ್ರಿ?"

ಆಗ ಗಜೇಂದ್ರಗಡದ ದಾರಿಯಲ್ಲಿ ಧೂಳೆದ್ದಿತು. ದವಾಖಾನೆಯ ಕಂಪೌಂಡರ್ ಜಮಾಲಸಾಬ ಸೈಕಲ್ಲಿನ ಮೇಲೆ ಬಗ್ಗಿ ಬಗ್ಗಿ ತುಳಿಯುತ್ತ ಬರುತ್ತಿದ್ದ. ಅಷ್ಟು ಅವಸರದಲ್ಲಿ ಒಳ್ಳೆಯ ಸುದ್ದಿ ತರುವವರು ಕಡಿಮೆ. ಅಮೋಘಸಿದ್ದ ಎರಡೂ ಕೈಯಿಂದ ಮುಖ ಮುಚ್ಚಿಕೊಂಡ.

"ಅಳಬ್ಯಾಡೋ!" ಜಮಾಲಸಾಬ ಸೈಕಲ್ಲಿಳಿಯುವ ಮೊದಲೇ ಕೂಗಿದ. "ಎದ್ದ ಕುಂತಾಳೋ ಮಾರಾಯಾ! ಹೊಟ್ಟಿ ತೊಳದಿದ್ದು, ಎದಿಗೆ ಸೂಜಿ ಕೊಟ್ಟಿದ್ದು, ಎಲ್ಲಾ ಹಿಡೀತು. ನಾಡಿ ಅರವತ್ತಕ್ಕ ಬಂತು. ಚಹಾ ಕೇಳಿದ್ಲು."

ಅಮೋಘಸಿದ್ದ ಮುಖದಿಂದ ಕೈ ತೆಗೆದ. ನಗಲು ಹೋದ, ಅಳು ಬಂತು. ಎರಡೂ ಕೂಡಿಯೇ ಬಂದವು. ರೇಣವ್ವ ಕೊಡ ಇಳಿಸಿ ತನ್ನ ಸೆರಗಿನಿಂದ ಅವನ ಮುಖ ಒರೆಸಿದಳು. ಏರಿಯ ಮೇಲೆಲ್ಲ ಜನ ಒಮ್ಮೆಲೇ ಮಾತಾಡತೊಡಗಿದರು. ಕಳಕಪ್ಪ ಪಟಗ ತೆಗೆದು ನೆತ್ತಿಯ ಬೆವರು ಒರೆಸಿಕೊಂಡ.

"ಎದ್ದೇಳಪಾ," ಅವನು ಅಮೋಘಸಿದ್ದನ ತೋಳು ಹಿಡಿದ. "ಬಣವಿ ಹೋಗಲಿ, ಸುಡಲಿ. ನನ್ನ ಹಿಂಡಿನಾಗಿನ ಹತ್ತು ಆಡ ಹೊಡಕೊಂಡು ಹೋಗು. ರಾಶಿ ಹಂಗ ಬಿಟ್ಟದ್ದು ನನ್ನ ತಪ್ಪು."

ಶಿವನಪ್ಪ ಜೇಬಿನಿಂದ ಮಡಿಸಿದ ಕಾಗದ ತೆಗೆದ. ಕಳಕಪ್ಪನನ್ನು ರೋಣಕ್ಕೆ ಒಯ್ಯುವ ಕಾಗದ ಅದು. ಅದನ್ನು ನಾಲ್ಕು ತುಂಡು ಮಾಡಿ ಜೇಬಿಗೇ ಹಾಕಿಕೊಂಡ.

"ಡಾಕ್ಟರ, ಇವತ್ತ ನೀವು ಸಹಿ ಮಾಡಿದ್ರ ನಾ ಜೀವನಪೂರ್ತಿ..." ಎಂದವನು ಮಾತು ನಿಲ್ಲಿಸಿ ನಕ್ಕ. "ಇರಲಿ. ಚಹಾ ಕುಡಿಯೋಣ ನಡೀರಿ."

"ಕುಡಿಯೋಣಂತ್ರಿ." ಕುತುಬುದ್ದೀನನ ಎದೆಯೂ ಹಗುರವಾಗಿತ್ತು. ಹನ್ನೆರಡು ವರ್ಷದ ಭಾರದಲ್ಲಿ ಒಂದು ಮುಷ್ಟಿಯಾದರೂ ಇಳಿದಂತೆ ಅನಿಸಿತು. ಕೋಲನ್ನು ಕಾಗದದಲ್ಲಿ ಸುತ್ತುತ್ತ, ಹೊರಡುವ ಮೊದಲು ಬರೆದುಕೊಳ್ಳಲೆಂದು ಕೇಳಿದ: "ಅಮೋಘಸಿದ್ದಾ, ಉಳದ ಅಂಬಲಿ ಎಲ್ಲೈತಿ? ಅದನ್ನ ಯಾರೂ ಮುಟ್ಟಬಾರದು."

"ಉಳದಿಲ್ರಿ. ನಾ ಹೊಳ್ಳಿ ಬರೂದ್ರಾಗ ಗಡಿಗಿ ಖಾಲಿ ಇತ್ತು."

"ಎಷ್ಟ ಮಾಡಿದ್ಲು?"

"ಇಬ್ಬರಿಗೆ. ಮಧ್ಯಾಹ್ನಕ್ಕೂ ಆಗುವಷ್ಟು."

"ಅಷ್ಟೂ ಆಕಿ ಒಬ್ಬಾಕಿ ಕುಡದಿದ್ರ ದವಾಖಾನಿ ಮುಟ್ಟತಿರಲಿಲ್ಲ," ಕುತುಬುದ್ದೀನ ಹೇಳಿದ. "ಮತ್ತ ಯಾರ ಕುಡದ್ರು?"

"ನಾಯಿ ನೆಕ್ಕಿರಬೇಕ್ರಿ."

ಕುರಿಗಳ ಆಚೆ ನಾಯಿ ಮಲಗಿತ್ತು. ಹೆಸರು ಕೇಳಿದ ಹಾಗೆ ಬಾಲ ಬಡಿದು, ಎದ್ದು, ಮೈ ಮುರಿದು ಯಜಮಾನನ ಹತ್ತಿರ ಓಡಿಬಂತು. ಕುತುಬುದ್ದೀನ ಅದರ ಎದೆಯ ಮೇಲೆ ಕೈಯಿಟ್ಟ. ಬಡಿತ ಚುರುಕಾಗಿ, ಒಂದೂ ತಪ್ಪದೆ ನಡೆಯುತ್ತಿತ್ತು.

"ನಾಯಿ ಕುಡದಿಲ್ಲ."

"ಹಾಂ, ಡಾಕ್ಟರ ಸಾಹೇಬ್ರ," ಜಮಾಲಸಾಬ ಸೈಕಲ್ಲನ್ನು ಬೇವಿನ ಗಿಡಕ್ಕೆ ಆನಿಸುತ್ತ ಹೇಳಿದ, "ಅಂಬಲಿ ಅಂದಿದ್ದಕ್ಕ ನೆನಪಾತ್ರಿ. ಕಣ್ಣ ತೆರದಾಕಿ ಮೊದಲ ಗಂಡನ್ನ ಕೇಳಲಿಲ್ಲ, ಕುರಿ ಕೇಳಲಿಲ್ಲ. 'ಗೌಡ್ರು ಅಂಬಲಿ ಕುಡದ್ರೇನು?' ಅಂತ ಕೇಳಿದ್ಲು. ಜ್ವರದಾಗ ಬಡಬಡಸತಾಳ ಅಂತ ನಾ ಬಿಟ್ಟೆ. ಆದರ ಜ್ವರ ಇಲ್ರಿ ಆಕಿಗೆ."

ಏರಿಯ ಮೇಲಿನ ಜನ ಕಳಕಪ್ಪನ ಕಡೆ ತಿರುಗಿದರು.

ಅಮೋಘಸಿದ್ದ ತನ್ನ ತೋಳಿನ ಮೇಲಿದ್ದ ಕಳಕಪ್ಪನ ಕೈಯನ್ನು ನೋಡಿದ. ಆ ಕೈ ನಿಧಾನವಾಗಿ ಹಿಂದೆ ಸರಿಯಿತು.

"ನಾಕು ದಿನದಿಂದ ಹಟ್ಟಿ ಕಡೆ ಕಾಲ ಇಟ್ಟಿಲ್ಲ ಅಂದ್ರಿ, ಗೌಡ್ರ. ಮತ್ತ ಉಳದ ಅಂಬಲಿ ಕುಡದವ್ರು ನೀವೇನು?" ಶಿವನಪ್ಪ ಕೇಳಿದ. ಅವನ ದನಿಯಲ್ಲಿ ಈಗ ನಗು ಇರಲಿಲ್ಲ.

ಕಳಕಪ್ಪ ಕಂಪೌಂಡರನನ್ನೇ ನೋಡುತ್ತ, ಒಣಗಿದ ತುಟಿ ನೆಕ್ಕಿಕೊಂಡು ಕೇಳಿದ:

"ಆಕಿ ಮತ್ತೇನಾರ ಅಂದ್ಲೇನು?"

"ಅಂದಾಳ್ರಿ," ಜಮಾಲಸಾಬ ಹೇಳಿದ. "ಆದರ ಅದನ್ನ ನಿಮಗೂ ಹೇಳಬ್ಯಾಡ, ಗಂಡಗೂ ಹೇಳಬ್ಯಾಡ ಅಂದಾಳ್ರಿ."